ಓದುಗರ ಪ್ರಶ್ನೆ: ಯುದ್ಧ ಮುಗಿದ ನಾಡಿಗೆ ಮೊದಲು ಬೇಕಾದ್ದು ಆಸ್ಪತ್ರೆಯಾ, ನರ್ಸಿನ ಸಂಬಳವಾ?

ಕಳೆದ ತಿಂಗಳು ಇದೇ ಅಂಕಣದಲ್ಲಿ ಪಶ್ಚಿಮ ಆಫ್ರಿಕಾದ ಸಿಯೆರಾ ಲಿಯೋನ್ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. 1991ರಿಂದ 2002ರವರೆಗೆ ಒಳಯುದ್ಧದಲ್ಲಿ ಬೆಂದ ಆ ದೇಶ, ಬಸುರಿಯರಿಗೂ ಸಣ್ಣ ಮಕ್ಕಳಿಗೂ ಚಿಕಿತ್ಸೆ ಉಚಿತ ಮಾಡಿತು ಅಂತ. ಅಷ್ಟಕ್ಕೇ ಇಷ್ಟು ಪತ್ರ ಬರುತ್ತವೆ ಅಂದುಕೊಂಡಿರಲಿಲ್ಲ. ಕಾಸರಗೋಡು, ಮಂಜೇಶ್ವರ ತಾಲೂಕುಗಳಿಂದಲೇ ಜಾಸ್ತಿ. ಕೆಲವರು ಕೇಳಿದ್ದಾರೆ, ಕೆಲವರು ಬೈದಿದ್ದಾರೆ, ಒಬ್ಬರು ಎರಡನ್ನೂ ಮಾಡಿದ್ದಾರೆ. ಈ ಸಲ ಇಡೀ ಅಂಕಣ ಅದಕ್ಕೇ ಇರಲಿ.

ಪ್ರಶ್ನೆ: ಯುದ್ಧ ಮುಗಿದ ಬಡ ದೇಶದಲ್ಲಿ ಆರೋಗ್ಯ ವ್ಯವಸ್ಥೆಯನ್ನು ಎಲ್ಲಿಂದ ಶುರು ಮಾಡುತ್ತಾರೆ? ಸುಟ್ಟುಹೋದ ಆಸ್ಪತ್ರೆಗಳನ್ನು ಕಟ್ಟುವುದರಿಂದಲೇ ಅಲ್ವಾ? (ನಿವೃತ್ತ ಅಧ್ಯಾಪಕರು, ಪೆರ್ಲ)

ಹೆಚ್ಚಿನವರು ಅಲ್ಲಿಂದಲೇ ಶುರು ಮಾಡುತ್ತಾರೆ ಮಾಸ್ಟ್ರೇ, ತೊಂದರೆ ಇರುವುದೂ ಅಲ್ಲಿಯೇ. ಕಟ್ಟಡ ಕೊಡಲು ಎಲ್ಲರಿಗೂ ಇಷ್ಟ. ರಿಬ್ಬನ್ ಕತ್ತರಿಸಬಹುದು, ಗೋಡೆಯಲ್ಲಿ ದಾನಿಗಳ ಹೆಸರು ಕೆತ್ತಿಸಬಹುದು, ಫೋಟೋ ಚೆನ್ನಾಗಿ ಬರುತ್ತದೆ. ಒಬ್ಬ ನರ್ಸಿಗೆ ಐದು ವರ್ಷ ತಪ್ಪದೆ ತಿಂಗಳ ಸಂಬಳ ಕೊಟ್ಟವರ ಹೆಸರನ್ನು ಎಲ್ಲಿ ಕೆತ್ತುವುದು?

ಲೈಬೀರಿಯಾ ನೋಡಿ. 1989ರಿಂದ 2003ರ ನಡುವೆ ಎರಡು ಒಳಯುದ್ಧ. ಮುಗಿಯುವ ಹೊತ್ತಿಗೆ ಮೂವತ್ತು ಲಕ್ಷಕ್ಕೂ ಹೆಚ್ಚು ಜನರಿಗೆ ಉಳಿದಿದ್ದ ಡಾಕ್ಟ್ರುಗಳು ಐವತ್ತರ ಆಸುಪಾಸು. ಇಲ್ಲವಾದ ಡಾಕ್ಟ್ರುಗಳಲ್ಲಿ ಸತ್ತವರಿದ್ದಾರೆ, ಆದರೆ ಬಹಳಷ್ಟು ಮಂದಿ ಹೊರದೇಶಕ್ಕೆ ಹೋದವರು. ಹೋಗಬಲ್ಲವರು ಹೋದರು, ಅವರನ್ನು ದೂರುವ ಹಾಗೂ ಇಲ್ಲ. ಉಳಿದದ್ದು ನರ್ಸುಗಳು, ಸೂಲಗಿತ್ತಿಯರು, ಕಾಂಪೌಂಡರುಗಳು. ಇವರಿಗೆ ತಿಂಗಳುಗಟ್ಟಲೆ ಸಂಬಳ ಇಲ್ಲ. ಮನೆಯಲ್ಲಿ ಮಕ್ಕಳಿದ್ದಾರೆ. ಆಗ ಏನಾಗುತ್ತದೆ? ಆಸ್ಪತ್ರೆಗೆ ಬಂದ ಮದ್ದು ಸಂತೆಗೆ ಹೋಗುತ್ತದೆ. ಇಂಜೆಕ್ಷನ್ ಕೊಡುವ ಮುಂಚೆ ಕೈ ಚಾಚುತ್ತಾರೆ. ಬೆಳಿಗ್ಗೆ ಹತ್ತಕ್ಕೆ ಬಂದು ಹನ್ನೆರಡಕ್ಕೆ ಹೊಲಕ್ಕೆ ಹೋಗುತ್ತಾರೆ. ಹೊರಗಿನಿಂದ ಬಂದ ತಜ್ಞರು ಇದನ್ನು ಭ್ರಷ್ಟಾಚಾರ ಅಂತ ವರದಿ ಬರೆಯುತ್ತಾರೆ. ನನಗೆ ಅದು ಹೊಟ್ಟೆಪಾಡು ಅಂತಲೇ ಅನಿಸುತ್ತದೆ. ಇಂಥ ಕಡೆ ಹೊಸ ಕಟ್ಟಡ ಕಟ್ಟಿ ಹೋಗುವುದು ಅಂದರೆ ತೋಟಕ್ಕೆಲ್ಲ ಸ್ಪ್ರಿಂಕ್ಲರ್ ಹಾಕಿಸಿ ಪಂಪಿಗೆ ಕರೆಂಟ್ ಕೊಡದ ಹಾಗೆ.

ಸಿಯೆರಾ ಲಿಯೋನಿನ ಕಥೆಯಲ್ಲಿ ನನಗೆ ಹಿಡಿಸಿದ್ದು ಇದೇ ಭಾಗ, ಕಳೆದ ಸಲ ಜಾಗ ಇಲ್ಲದೆ ಬಿಟ್ಟಿದ್ದೆ. ಉಚಿತ ಚಿಕಿತ್ಸೆ ಶುರುವಾದದ್ದು 2010ರ ಏಪ್ರಿಲ್ 27ಕ್ಕೆ. ಅದಕ್ಕೆ ಸ್ವಲ್ಪ ಮುಂಚೆ, ಮಾರ್ಚಿನಲ್ಲಿ, ಡಾಕ್ಟ್ರುಗಳೂ ನರ್ಸುಗಳೂ ಮುಷ್ಕರಕ್ಕೆ ಕೂತರು. ಅವರು ಕೇಳಿದ್ದು ನ್ಯಾಯವಾಗಿಯೇ ಇತ್ತು. ಇಷ್ಟು ದಿನ ರೋಗಿಗಳು ಕೊಡುತ್ತಿದ್ದ ಚಿಲ್ಲರೆಯಿಂದ ನಮ್ಮ ಒಲೆ ಉರಿಯುತ್ತಿತ್ತು, ನೀವು ಅದನ್ನೂ ನಿಲ್ಲಿಸಿ ರೋಗಿಗಳ ಸಂಖ್ಯೆ ಹೆಚ್ಚಿಸುತ್ತೀರಿ, ನಮಗೇನು? ಸರಕಾರ ಬಗ್ಗಿತು. ಸಂಬಳ ದುಪ್ಪಟ್ಟಿಗಿಂತ ಹೆಚ್ಚಾಯಿತು. ಅದಕ್ಕಾಗಿ ಸಂಬಳದ ಪಟ್ಟಿ ತೆಗೆದು ಒಬ್ಬೊಬ್ಬರನ್ನೇ ಎಣಿಸಿದಾಗ ನೂರಾರು ಹೆಸರುಗಳಿಗೆ ಮನುಷ್ಯರೇ ಇರಲಿಲ್ಲ! ಆ ಹೆಸರುಗಳನ್ನು ಹೊಡೆದು ಹಾಕಿದರು. ಮೊದಲ ವರ್ಷದಲ್ಲೇ ಆಸ್ಪತ್ರೆಗೆ ಬರುವ ಐದು ವರ್ಷದೊಳಗಿನ ಮಕ್ಕಳ ಸಂಖ್ಯೆ ದುಪ್ಪಟ್ಟಿಗಿಂತ ಮೇಲೆ ಹೋಯಿತು. ಯುದ್ಧದ ಕೊನೆಗಾಲದಲ್ಲಿ ಪ್ರತಿ ಲಕ್ಷ ಹೆರಿಗೆಗೆ ಸಾವಿರಕ್ಕೂ ಹೆಚ್ಚು ತಾಯಂದಿರು ಸಾಯುತ್ತಿದ್ದರು. ವಿಶ್ವಸಂಸ್ಥೆಯ ಅಂದಾಜಿನಲ್ಲಿ 2020ಕ್ಕೆ ಅದು 450ರ ಸುತ್ತ ಬಂದಿದೆ. ಇದೂ ಭಯಂಕರ ಸಂಖ್ಯೆಯೇ. ಎಲ್ಲ ಸರಿಹೋಯಿತು ಅಂತ ನಾನು ಹೇಳುತ್ತಿಲ್ಲ, ಮದ್ದು ಮುಗಿದುಹೋಗುವುದು, ಉಚಿತ ಅಂತ ಬೋರ್ಡು ಹಾಕಿ ಹಿಂಬಾಗಿಲಲ್ಲಿ ದುಡ್ಡು ಕೇಳುವುದು ಆಮೇಲೂ ನಡೆದೇ ಇತ್ತು. ಆದರೆ ಎಲ್ಲಿಂದ ಶುರು ಅಂತ ಕೇಳಿದಿರಿ. ಸಂಬಳದ ಪಟ್ಟಿಯಿಂದ. ಯಾರು ಇದ್ದಾರೆ, ಎಲ್ಲಿದ್ದಾರೆ, ಅವರ ಕೈಗೆ ಎಷ್ಟು ಸಿಗುತ್ತದೆ, ಎಷ್ಟನೇ ತಾರೀಕಿಗೆ ಸಿಗುತ್ತದೆ.

ಪ್ರಶ್ನೆ: ಡಾಕ್ಟ್ರುಗಳೇ ಇಲ್ಲದಿದ್ದರೆ ಸಂಬಳ ಯಾರಿಗೆ ಕೊಡುವುದು ಸ್ವಾಮಿ? ಒಬ್ಬ ಡಾಕ್ಟ್ರು ತಯಾರಾಗಲು ಆರೇಳು ವರ್ಷ ಬೇಕು. ಅಷ್ಟರವರೆಗೆ ಹೆರಿಗೆ ನಿಲ್ಲುತ್ತದಾ? (ಉಪ್ಪಳ)

ನಿಲ್ಲುವುದಿಲ್ಲ. ಅದಕ್ಕೇ ಕೆಲವು ದೇಶಗಳು ಡಾಕ್ಟ್ರುಗಳಿಗೆ ಕಾಯಲಿಲ್ಲ.

ಮೊಜಾಂಬಿಕ್ 1975ರಲ್ಲಿ ಪೋರ್ಚುಗೀಸರಿಂದ ಬಿಡುಗಡೆಯಾಯಿತು, ಇದ್ದ ಡಾಕ್ಟ್ರುಗಳಲ್ಲಿ ಹೆಚ್ಚಿನವರು ಹಡಗು ಹತ್ತಿದರು. 1977ರಿಂದ 1992ರವರೆಗೆ ಒಳಯುದ್ಧ. ಬಂಡುಕೋರರು ಹಳ್ಳಿಯ ಆರೋಗ್ಯ ಕೇಂದ್ರಗಳನ್ನೇ ಹುಡುಕಿ ಹುಡುಕಿ ಸುಡುತ್ತಿದ್ದರು, ಯಾಕಂದರೆ ಜನ ಸರಕಾರವನ್ನು ಕಣ್ಣಾರೆ ನೋಡುತ್ತಿದ್ದ ಜಾಗ ಅದೇ. ಆ ಗಲಾಟೆಯ ನಡುವೆಯೇ 1984ರಲ್ಲಿ ಅವರು ಒಂದು ಕೆಲಸ ಶುರು ಮಾಡಿದರು. ಅನುಭವ ಇದ್ದ ನರ್ಸುಗಳನ್ನೂ ಆರೋಗ್ಯ ಸಹಾಯಕರನ್ನೂ ಆರಿಸಿ ಮೂರು ವರ್ಷ ಆಪರೇಷನ್ ಕಲಿಸಿದರು. ಸಿಸೇರಿಯನ್, ಹರ್ನಿಯಾ, ಗುಂಡೇಟು, ಎಲ್ಲ. ಇವರನ್ನು ಸರ್ಜರಿ ಟೆಕ್ನೀಷಿಯನ್ ಅನ್ನುತ್ತಾರೆ. ನಮ್ಮಲ್ಲಿ ಇಂಥದ್ದು ಬಾಯಿ ಬಿಟ್ಟು ಹೇಳಿದರೆ ನಾಳೆಯೇ ಮುಷ್ಕರ! ಆದರೆ ಅಲ್ಲಿ ಅಧ್ಯಯನ ಮಾಡಿ ನೋಡಿದಾಗ ಇವರು ಮಾಡಿದ ಸಿಸೇರಿಯನ್‌ಗೂ ಡಾಕ್ಟ್ರುಗಳು ಮಾಡಿದ್ದಕ್ಕೂ ಫಲಿತಾಂಶದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಸಿಗಲಿಲ್ಲ. ಜಿಲ್ಲಾ ಆಸ್ಪತ್ರೆಗಳಲ್ಲಿ ಹೆರಿಗೆಯ ದೊಡ್ಡ ಆಪರೇಷನ್‌ಗಳಲ್ಲಿ ನೂರಕ್ಕೆ ತೊಂಬತ್ತರಷ್ಟು ಇವರದೇ ಕೈಯಲ್ಲಿ. ಇನ್ನೊಂದು ಲೆಕ್ಕ ಅದಕ್ಕಿಂತ ಮುಖ್ಯ. ಹಳ್ಳಿ ಕಡೆಯ ಜಿಲ್ಲಾ ಆಸ್ಪತ್ರೆಗೆ ಹಾಕಿ ಏಳು ವರ್ಷ ಆದ ಮೇಲೆ ನೋಡಿದರೆ ಟೆಕ್ನೀಷಿಯನ್‌ಗಳಲ್ಲಿ ನೂರಕ್ಕೆ 88 ಮಂದಿ ಅಲ್ಲೇ ಇದ್ದರು. ಡಾಕ್ಟ್ರುಗಳಲ್ಲಿ ಒಬ್ಬರೂ ಇರಲಿಲ್ಲ.

ಅಫ್ಘಾನಿಸ್ತಾನದ್ದೂ ಹೀಗೇ, ಆದರೆ ಕೊನೆ ಬೇರೆ. 2002ರಲ್ಲಿ ಅಲ್ಲಿನ ಬದಖ್ಶಾನ್ ಎಂಬ ಗುಡ್ಡಗಾಡಿನ ಒಂದು ಭಾಗದಲ್ಲಿ ಲಕ್ಷ ಹೆರಿಗೆಗೆ ಸುಮಾರು 6,500 ತಾಯಂದಿರು ಸಾಯುತ್ತಿದ್ದರು. ಜಗತ್ತಿನಲ್ಲಿ ಆವರೆಗೆ ದಾಖಲಾದದ್ದರಲ್ಲಿ ಅದೇ ಅತಿ ಹೆಚ್ಚು. ಹೆಂಗಸರನ್ನು ಗಂಡು ಡಾಕ್ಟ್ರಿಗೆ ತೋರಿಸದ ಊರು, ಹೆಣ್ಣು ಡಾಕ್ಟ್ರು ಕಾಬೂಲ್ ಬಿಟ್ಟು ಬರದ ದಾರಿ. ಆಗ ಮಾಡಿದ್ದೇನೆಂದರೆ, ಆಯಾ ಊರಿನವರೇ ತಮ್ಮೂರಿನ ಹುಡುಗಿಯನ್ನು ಆರಿಸಿ ಕಳಿಸುವುದು, ಆಕೆ ಎರಡು ವರ್ಷದ ಆಸುಪಾಸು ಸೂಲಗಿತ್ತಿ ತರಬೇತಿ ಪಡೆದು ವಾಪಸ್ ಅದೇ ಊರಿಗೆ ಬರುವುದು. ಊರಿನವರೇ ಕಳಿಸಿದ್ದರಿಂದ ಗಂಡಸರ ತಕರಾರು ಕಡಿಮೆಯಾಯಿತು. ಸಾವಿರಾರು ಹುಡುಗಿಯರು ಹೀಗೆ ಕಲಿತರು. ತಾಲಿಬಾನ್ ಮತ್ತೆ ಬಂತು, 2024ರ ಡಿಸೆಂಬರಿನಲ್ಲಿ ಹೆಂಗಸರ ನರ್ಸಿಂಗ್ ಮತ್ತು ಸೂಲಗಿತ್ತಿ ತರಗತಿಗಳನ್ನೂ ಮುಚ್ಚಿಸಿದರು. ಈಗ ಇರುವವರಿಗೆ ವಯಸ್ಸಾದ ಮೇಲೆ ಆ ಊರುಗಳಲ್ಲಿ ಯಾರು? ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ, ತಾಲಿಬಾನಿನ ಹತ್ತಿರವೂ ಇಲ್ಲ.

ಲೈಬೀರಿಯಾದ ಬಗ್ಗೆ ಒಂದು ಮಾತು ಸೇರಿಸುತ್ತೇನೆ. ರಾಜ್ ಪಂಜಾಬಿ ಅಂತ ಒಬ್ಬರು ಡಾಕ್ಟ್ರು, ಭಾರತದಿಂದ ಹೋದ ಕುಟುಂಬದವರು, ಹುಟ್ಟಿದ್ದು ಲೈಬೀರಿಯಾದಲ್ಲಿ. ಯುದ್ಧ ಶುರುವಾದಾಗ ಒಂಬತ್ತು ವರ್ಷದ ಹುಡುಗ, ಮನೆಯವರ ಜೊತೆ ತಪ್ಪಿಸಿಕೊಂಡು ಅಮೆರಿಕಕ್ಕೆ ಹೋದರು. ವೈದ್ಯಕೀಯ ಓದುವಾಗ ವಾಪಸ್ ಬಂದು 2007ರಲ್ಲಿ ಲಾಸ್ಟ್ ಮೈಲ್ ಹೆಲ್ತ್ ಎಂಬ ಸಂಸ್ಥೆ ಕಟ್ಟಿದವರಲ್ಲಿ ಒಬ್ಬರು. ಕಾಡಿನ ಒಳಗಿನ ಊರುಗಳಲ್ಲಿ ಅಲ್ಲಿನವರನ್ನೇ ಆರಿಸಿ ಮಲೇರಿಯಾ, ನ್ಯುಮೋನಿಯಾ, ಭೇದಿಗೆ ಮದ್ದು ಕೊಡುವುದನ್ನು ಕಲಿಸಿದರು. ಸರಕಾರ 2016ರಲ್ಲಿ ಅದನ್ನೇ ದೇಶಕ್ಕೆಲ್ಲ ತಂದಿತು. ನಮ್ಮ ಆಶಾ ಕಾರ್ಯಕರ್ತೆಯರ ಹಾಗೆ ಅಂದುಕೊಳ್ಳಿ, ಆದರೆ ಒಂದು ವ್ಯತ್ಯಾಸ ಇದೆ. ಅಲ್ಲಿ ಅವರಿಗೆ ತಿಂಗಳಿಗೆ 70 ಡಾಲರ್ ಅಂತ ನಿಗದಿ ಮಾಡಿದರು. ಯುದ್ಧದಿಂದ ಎದ್ದ ಅಷ್ಟು ಬಡ ದೇಶ ಇದನ್ನು ಮಾಡಿತು. ನಮ್ಮ ಆಶಾಗಳು ಗೌರವಧನ ಹೆಚ್ಚಿಸಿ ಅಂತ 2025ರಲ್ಲಿ ತಿರುವನಂತಪುರದ ಸೆಕ್ರೆಟರಿಯೇಟ್ ಮುಂದೆ ಮಳೆ ಬಿಸಿಲು ಅನ್ನದೆ ತಿಂಗಳುಗಟ್ಟಲೆ ಕೂತಿದ್ದರು. ಸುಮ್ನೆ ಹೇಳಿದೆ.

ಪ್ರಶ್ನೆ: ನಿಮಗೆ ಆಫ್ರಿಕಾದ ಚಿಂತೆ. ಇಲ್ಲಿ ಯುದ್ಧವೂ ಇಲ್ಲ, ಬರವೂ ಇಲ್ಲ, ಆದರೂ ಎದೆನೋವು ಬಂದರೆ ತಲಪಾಡಿ ದಾಟಿ ಮಂಗಳೂರಿಗೆ ಓಡಬೇಕು. ಮೊದಲು ನಮ್ಮ ಉಕ್ಕಿನಡ್ಕದ ಮೆಡಿಕಲ್ ಕಾಲೇಜಿನ ಬಗ್ಗೆ ಬರೆಯಿರಿ. (ಬದಿಯಡ್ಕ)

ಬರೆಯೋಣ. ನಿಮ್ಮ ಸಿಟ್ಟು ನನಗೂ ಇದೆ. ಆದರೆ ಎರಡೂ ಬೇರೆ ಬೇರೆ ವಿಷಯ ಅಂತ ನನಗನಿಸುವುದಿಲ್ಲ.

ಉಕ್ಕಿನಡ್ಕದ ಮೆಡಿಕಲ್ ಕಾಲೇಜಿಗೆ ಅಡಿಗಲ್ಲು ಹಾಕಿದ್ದು 2013ರಲ್ಲಿ. ಗೇರು ತೋಟಗಳಿಗೆ ಹೆಲಿಕಾಪ್ಟರಿನಿಂದ ಸುರಿದ ಎಂಡೋಸಲ್ಫಾನ್ ಎಂಬ ಕೀಟನಾಶಕದಿಂದ ನರಳಿದ ಜಿಲ್ಲೆ, ಇಲ್ಲಿಗೆ ಬೇಕೇ ಬೇಕು ಅಂತ ಎಲ್ಲರೂ ಒಪ್ಪಿದರು. ಕಟ್ಟಡ ನಿಧಾನಕ್ಕೆ ಎದ್ದಿತು. 2020ರ ಮಾರ್ಚಿನಲ್ಲಿ ಕೊರೊನಾ ಬಂದು ಕರ್ನಾಟಕ ಗಡಿ ಮುಚ್ಚಿತು, ರಸ್ತೆಗಳಿಗೆ ಮಣ್ಣು ಸುರಿದರು, ಮಂಗಳೂರಿಗೆ ಹೋಗಲಾಗದೆ ಸತ್ತವರ ಸುದ್ದಿ ದಿನಾ ಪೇಪರಿನಲ್ಲಿ ಓದಿದೆವು, ಪ್ರಕರಣ ಕೇರಳ ಹೈಕೋರ್ಟಿಗೂ ಸುಪ್ರೀಂ ಕೋರ್ಟಿಗೂ ಹೋಯಿತು. ಆಗ ಉಕ್ಕಿನಡ್ಕದ ಆಡಳಿತ ಕಟ್ಟಡವನ್ನೇ ಕೋವಿಡ್ ಆಸ್ಪತ್ರೆ ಮಾಡಿದರು. ಹೇಗೆ ಸಾಧ್ಯವಾಯಿತು? ತಿರುವನಂತಪುರ ಮೆಡಿಕಲ್ ಕಾಲೇಜಿನಿಂದ ಡಾಕ್ಟ್ರುಗಳ, ನರ್ಸುಗಳ ತಂಡ ರಾಜ್ಯದ ಈ ತುದಿಗೆ ಬಂತು. ವರ್ಷಗಟ್ಟಲೆ ಬರೀ ಕಟ್ಟಡವಾಗಿದ್ದದ್ದು ಕೆಲವೇ ದಿನಗಳಲ್ಲಿ ಆಸ್ಪತ್ರೆಯಾಯಿತು. ಸಿಮೆಂಟು ಅದೇ, ಗೋಡೆ ಅದೇ. ಬಂದದ್ದು ಮನುಷ್ಯರು.

ಕಾಸರಗೋಡಿಗೆ ಪೋಸ್ಟಿಂಗ್ ಆದವರು ಬರುವುದಿಲ್ಲ, ಬಂದವರು ರಜೆ ಹಾಕಿ ತೆಂಕಣಕ್ಕೆ ವರ್ಗ ಮಾಡಿಸಿಕೊಳ್ಳುತ್ತಾರೆ ಅಂತ ನಾವು ಎಷ್ಟು ವರ್ಷದಿಂದ ಗೊಣಗುತ್ತಿದ್ದೇವೆ? ಮೊಜಾಂಬಿಕ್‌ನವರು ಆ ಏಳು ವರ್ಷದ ಲೆಕ್ಕದಿಂದ ಕಲಿತದ್ದು ಇದೇ. ದೂರದಿಂದ ಬಂದವರು ನಿಲ್ಲುವುದಿಲ್ಲ, ಹತ್ತಿರದವರಿಗೆ ಕಲಿಸಿದರೆ ನಿಲ್ಲುತ್ತಾರೆ. ಎಣ್ಮಕಜೆ, ಬೆಳ್ಳೂರಿನ ಮಕ್ಕಳಿಗೆ ನರ್ಸಿಂಗ್ ಸೀಟು, ಹತ್ತು ವರ್ಷ ಜಿಲ್ಲೆಯಲ್ಲೇ ಕೆಲಸ ಮಾಡುವ ಒಪ್ಪಂದ, ಜೊತೆಗೆ ಕನ್ನಡ, ತುಳು ಬಲ್ಲವರಿಗೆ ಆದ್ಯತೆ. ಹೊಟ್ಟೆನೋವಿನ ಅಜ್ಜಿ ಮಲಯಾಳದಲ್ಲಿ ವಿವರಿಸಲಾಗದೆ ಮದ್ದಿನ ಚೀಟಿ ಹಿಡಿದು ಸುಮ್ಮನೆ ವಾಪಸ್ ಬರುವುದನ್ನು ನೀವೂ ನೋಡಿರುತ್ತೀರಿ. ಪಂಚಾಯತು ಸಭೆಯಲ್ಲಿ ಈ ಮಾತು ಎತ್ತಿ. ಕಟ್ಟಡ ಯಾವಾಗ ಮುಗಿಯುತ್ತದೆ ಅಂತ ಕೇಳುವವರು ಬಹಳ ಮಂದಿ ಇದ್ದಾರೆ.

ಪ್ರಶ್ನೆ: ನಮ್ಮ ಯುವಕ ಸಂಘದಿಂದ ಮನೆ ಮನೆಯಲ್ಲಿ ಉಳಿದಿರುವ ಮಾತ್ರೆ, ಟಾನಿಕ್ ಸಂಗ್ರಹಿಸಿ ಯುದ್ಧಪೀಡಿತ ದೇಶಕ್ಕೆ ಕಳಿಸಬೇಕೆಂದಿದ್ದೇವೆ. ಯಾರನ್ನು ಸಂಪರ್ಕಿಸಬೇಕು? (ಮಂಜೇಶ್ವರ)

ಯಾರನ್ನೂ ಬೇಡ. ದಯವಿಟ್ಟು ಕಳಿಸಬೇಡಿ. ನಿಮ್ಮ ಮನಸ್ಸು ಒಳ್ಳೆಯದು, ಆದರೆ ಇದರಿಂದ ಆಗುವ ಉಪದ್ರ ದೊಡ್ಡದು.

1992ರಿಂದ ಬೋಸ್ನಿಯಾ ಯುದ್ಧದ ಹೊತ್ತಿಗೆ ಯುರೋಪಿನ ಜನ ಇದನ್ನೇ ಮಾಡಿದರು. 1996ರ ಹೊತ್ತಿಗೆ ಅಲ್ಲಿ ಬಳಸಲಾಗದ ಮದ್ದು ಸುಮಾರು 17,000 ಟನ್ ರಾಶಿ ಬಿದ್ದಿತ್ತು. ಅವಧಿ ಮುಗಿದದ್ದು, ಅರ್ಧ ತೆರೆದ ಡಬ್ಬಿ, ಏನೆಂದು ಗೊತ್ತಾಗದ್ದು. ಮದ್ದನ್ನು ಸುಮ್ಮನೆ ಹೊಂಡ ತೋಡಿ ಹೂಳುವ ಹಾಗಿಲ್ಲ, ಬಾವಿ ನೀರು ಹಾಳಾಗುತ್ತದೆ. ಸುಡಲು ವಿಶೇಷ ಕುಲುಮೆ ಬೇಕು. ಅಂದರೆ ಯುದ್ಧದಲ್ಲಿ ಬಡಕಲಾದ ದೇಶ ನಮ್ಮ ಕಪಾಟಿನ ಕಸಕ್ಕೆ ದುಡ್ಡು ಖರ್ಚು ಮಾಡಬೇಕು. ವಿಶ್ವ ಆರೋಗ್ಯ ಸಂಸ್ಥೆ ಆಮೇಲೆ ನಿಯಮ ಮಾಡಿತು: ಆ ದೇಶ ಕೇಳಿದ ಮದ್ದನ್ನೇ ಕಳಿಸಬೇಕು, ತಲುಪಿದ ಮೇಲೆ ಕನಿಷ್ಠ ಒಂದು ವರ್ಷ ಅವಧಿ ಉಳಿದಿರಬೇಕು, ರೋಗಿಗೆ ಕೊಟ್ಟು ವಾಪಸ್ ಬಂದದ್ದನ್ನು ಕಳಿಸಲೇಬಾರದು. ನಿಮ್ಮ ಸಂಗ್ರಹ ಮೂರರಲ್ಲೂ ಫೇಲು. ದುಡ್ಡು ಕೂಡಿಸಿ ಅಲ್ಲಿ ಕೆಲಸ ಮಾಡುತ್ತಿರುವ ನಂಬಿಕೆಯ ಸಂಸ್ಥೆಗೆ ಕೊಡಿ. ಫೋಟೋ ಚೆನ್ನಾಗಿ ಬರುವುದಿಲ್ಲ, ಗೊತ್ತು.

ಪ್ರಶ್ನೆ: ರುವಾಂಡಾದಲ್ಲಿ ಡ್ರೋನ್‌ನಲ್ಲಿ ರಕ್ತ ಕಳಿಸುತ್ತಾರಂತೆ, ನಿಜವಾ? ನಮ್ಮಲ್ಲೂ ಮಾಡಬಹುದಾ? (ಹತ್ತನೇ ತರಗತಿ ವಿದ್ಯಾರ್ಥಿನಿ, ನೀರ್ಚಾಲು)

ನಿಜ ಪುಟ್ಟಿ. 2016ರಿಂದ ನಡೆಯುತ್ತಿದೆ. ಗುಡ್ಡೆ, ಕಣಿವೆ, ಕೆಸರು ರಸ್ತೆಯ ಸಣ್ಣ ದೇಶ ಅದು. ರಕ್ತ ಬೇಗ ಹಾಳಾಗುವ ವಸ್ತು, ಪ್ರತಿ ಆಸ್ಪತ್ರೆಯಲ್ಲೂ ಎಲ್ಲ ಗುಂಪಿನ ರಕ್ತ ಇಡಲಾಗುವುದಿಲ್ಲ. ಒಂದೇ ಕಡೆ ಇಟ್ಟುಕೊಂಡು ಬೇಕಾದಾಗ ಹಾರಿಸುತ್ತಾರೆ, ಅದು ಪ್ಯಾರಾಚೂಟ್‌ನಲ್ಲಿ ಇಳಿಯುತ್ತದೆ. ಹೆರಿಗೆಯಲ್ಲಿ ರಕ್ತ ಹೋಗುವಾಗ ಅರ್ಧ ಗಂಟೆ ಅಂದರೆ ಜೀವ.

ಆದರೆ ಕೆಳಗೆ ಆ ರಕ್ತ ಏರಿಸಲು ಕಲಿತ ಒಬ್ಬರು ಇರಬೇಕಲ್ಲ. ರುವಾಂಡಾ ಆ ಕೆಲಸವನ್ನು ಇಪ್ಪತ್ತು ವರ್ಷ ಮೊದಲೇ ಶುರು ಮಾಡಿತ್ತು. 1994ರ ನರಮೇಧದಲ್ಲಿ ನೂರು ದಿನಗಳಲ್ಲಿ ಸುಮಾರು ಎಂಟು ಲಕ್ಷ ಜನ ಸತ್ತ ದೇಶ. ಮರುವರ್ಷವೇ ಹಳ್ಳಿ ಹಳ್ಳಿಯಲ್ಲಿ ಆರೋಗ್ಯ ಕಾರ್ಯಕರ್ತರನ್ನು ಆರಿಸಲು ಶುರು ಮಾಡಿದರು, ಈಗ ಹತ್ತಾರು ಸಾವಿರ ಮಂದಿ ಇದ್ದಾರೆ. ಡ್ರೋನ್ ಆಮೇಲೆ ಬಂದದ್ದು. ನಮ್ಮಲ್ಲಿ ಮಾಡಬಹುದಾ ಅಂತ ಕೇಳಿದೆ. ಮಾಡಬಹುದು. ಹಾಗಂತ ನಿನ್ನ ಅಜ್ಜಿಯ ಹತ್ತಿರ ಹೇಳಿ ನೋಡು. ಗೇರು ತೋಟದ ಮೇಲೆ ಹೆಲಿಕಾಪ್ಟರ್ ಹಾರಿ ಏನು ಸುರಿದು ಹೋಯಿತು ಅಂತ ಈ ಕಡೆಯ ಅಜ್ಜಿಯರು ಮರೆತಿಲ್ಲ, ಆಕಾಶದಿಂದ ಇಳಿಯುವ ಯಾವುದಕ್ಕೂ ಇಲ್ಲಿ ಸ್ವಲ್ಪ ಜಾಸ್ತಿಯೇ ವಿವರಣೆ ಕೊಡಬೇಕಾಗುತ್ತದೆ.

ಪ್ರಶ್ನೆ: ಉಚಿತ ಒಳ್ಳೆಯದಾ, ವಿಮೆ ಒಳ್ಳೆಯದಾ? (ಕಾಸರಗೋಡು)

ಕೈಯಲ್ಲಿ ದುಡ್ಡಿಲ್ಲದ ದಿನ ಕೌಂಟರಿನಲ್ಲಿ ದುಡ್ಡು ಕೇಳದ ಯಾವುದೂ ಒಳ್ಳೆಯದು. ರುವಾಂಡಾ 1999ರಲ್ಲಿ ಮೂರು ಜಿಲ್ಲೆಯಲ್ಲಿ ಊರ ವಿಮೆ ಶುರು ಮಾಡಿ, ಆಮೇಲೆ ದೇಶಕ್ಕೆಲ್ಲ ತಂದಿತು. ಉಳ್ಳವರು ಜಾಸ್ತಿ ಕಟ್ಟುತ್ತಾರೆ, ತೀರಾ ಬಡವರ ಪಾಲನ್ನು ಬೇರೆಯವರು ಕಟ್ಟುತ್ತಾರೆ. ಹೊರಗಿನ ದುಡ್ಡು ಬಹಳ ಇತ್ತು, ಬಿಗಿ ಹಿಡಿತದ ಸರಕಾರವೂ ಇತ್ತು. ಆ ಬಿಗಿ ನನಗೆ ಇಷ್ಟವಾದದ್ದಲ್ಲ, ಅದನ್ನು ಬಿಟ್ಟು ಬರೀ ವಿಮೆಯನ್ನು ಹೊಗಳುವುದು ಸರಿಯಲ್ಲ ಅಂತ ಹೇಳುತ್ತಿದ್ದೇನೆ.

ಪ್ರಶ್ನೆ: ಇಷ್ಟೆಲ್ಲ ಕಟ್ಟಿದ ಮೇಲೂ ಎಬೋಲಾ ಬಂದಾಗ ಲೈಬೀರಿಯಾ, ಸಿಯೆರಾ ಲಿಯೋನ್ ಕುಸಿದವಲ್ಲ? ಹೊರಗಿನವರ ದುಡ್ಡಿನಲ್ಲಿ ಕಟ್ಟಿದ್ದು ನಿಲ್ಲುತ್ತದಾ? (ಮುಳ್ಳೇರಿಯ)

ಒಳ್ಳೆಯ ಪ್ರಶ್ನೆ, ಚುಚ್ಚುವ ಪ್ರಶ್ನೆ. 2014ರಿಂದ 2016ರ ಎಬೋಲಾದಲ್ಲಿ ಗಿನಿ ಸೇರಿ ಮೂರು ದೇಶಗಳಲ್ಲಿ 11,000ಕ್ಕೂ ಹೆಚ್ಚು ಜನ ಸತ್ತರು. ಅವರಲ್ಲಿ 500ಕ್ಕೂ ಹೆಚ್ಚು ಮಂದಿ ಆರೋಗ್ಯ ಸಿಬ್ಬಂದಿ. ಸಿಯೆರಾ ಲಿಯೋನಿನ ಕೆನೆಮಾ ಆಸ್ಪತ್ರೆಯ ಡಾಕ್ಟರ್ ಶೇಖ್ ಹುಮರ್ ಖಾನ್, ಇಂಥ ಜ್ವರಗಳಲ್ಲಿ ಆ ದೇಶದ ದೊಡ್ಡ ತಜ್ಞ, 2014ರ ಜುಲೈಯಲ್ಲಿ ಅದೇ ರೋಗದಿಂದ ಹೋದರು. ಒಂದು ಡಾಕ್ಟ್ರು ಹೋದರೆ ಅಲ್ಲಿ ಎಷ್ಟು ಹೋಯಿತು ಅಂತ ಲೆಕ್ಕ ಹಾಕಿ. ಗ್ಲೌಸಿಲ್ಲದೆ, ನೀರಿಲ್ಲದೆ ಕೆಲಸ ಮಾಡಿದವರು ಸತ್ತರು. ಆಸ್ಪತ್ರೆಗೆ ಹೋದರೆ ಸಾಯುತ್ತೇವೆ ಅಂತ ಜನ ಬರುವುದನ್ನೇ ನಿಲ್ಲಿಸಿದರು, ಮಲೇರಿಯಾಕ್ಕೂ, ಹೆರಿಗೆಗೂ.

ಹೊರಗಿನ ದುಡ್ಡಿನ ಮಾತು. ಅಫ್ಘಾನಿಸ್ತಾನದಲ್ಲಿ 2003ರಿಂದ ಮೂಲ ಆರೋಗ್ಯ ಸೇವೆಯ ಪಟ್ಟಿ ಮಾಡಿ, ಸರಕಾರೇತರ ಸಂಸ್ಥೆಗಳಿಗೆ ಗುತ್ತಿಗೆ ಕೊಟ್ಟು ನಡೆಸಿದರು. ಹೆಚ್ಚುಕಡಿಮೆ ಎಲ್ಲವೂ ಹೊರಗಿನ ದುಡ್ಡು. 2021ರ ಆಗಸ್ಟಿನಲ್ಲಿ ತಾಲಿಬಾನ್ ಬಂದ ಕೂಡಲೇ ಅದು ನಿಂತಿತು. ಸಿಬ್ಬಂದಿ ಸಂಬಳ ಇಲ್ಲದೆ ಕೆಲಸಕ್ಕೆ ಬಂದರು, ಆಮೇಲೆ ಬರಲಾಗದೆ ಹೋದರು. ಕೊನೆಗೆ ಯುದ್ಧದ ಗಾಯಾಳುಗಳನ್ನು ನೋಡುವುದು ತನ್ನ ಕೆಲಸ ಅಂತ ಇದ್ದ ರೆಡ್ ಕ್ರಾಸ್ ಆ ವರ್ಷದ ನವೆಂಬರಿನಿಂದ ಮೂವತ್ತಕ್ಕೂ ಹೆಚ್ಚು ಆಸ್ಪತ್ರೆಗಳ ಸಂಬಳ, ಕರೆಂಟು, ಮದ್ದಿನ ಖರ್ಚು ಹೊತ್ತುಕೊಂಡಿತು. 2023ರಲ್ಲಿ ಅವರ ಕೈಯೂ ಖಾಲಿಯಾಗಿ ಬಿಟ್ಟುಕೊಟ್ಟರು. ಹಾಗಾದರೆ ಹೊರಗಿನ ದುಡ್ಡು ಬೇಡವಾ? ಬೇಕು. ಅದಿಲ್ಲದಿದ್ದರೆ ಮೊದಲ ಹತ್ತು ವರ್ಷ ಏನೂ ಇರುವುದಿಲ್ಲ. ಆದರೆ ಮೂರು ವರ್ಷದ ಪ್ರಾಜೆಕ್ಟು ಅಂತ ಬಂದು, ಸ್ಥಳೀಯ ನರ್ಸಿಗೆ ಸರಕಾರಕ್ಕಿಂತ ನಾಲ್ಕು ಪಟ್ಟು ಸಂಬಳ ಕೊಟ್ಟು ಸರಕಾರಿ ಆಸ್ಪತ್ರೆ ಖಾಲಿ ಮಾಡಿಸಿ, ಆಮೇಲೆ ಗಂಟುಮೂಟೆ ಕಟ್ಟಿ ಹೋಗುವ ದುಡ್ಡು ಬೇಡ.

ಪ್ರಶ್ನೆ: ಕಾಲು ಕಳೆದುಕೊಂಡವರಿಗೆ ಭಾರತ ಏನಾದರೂ ಮಾಡಿದೆಯಾ? (ಅಡೂರು)

ಜೈಪುರ ಕಾಲು. 1968ರ ಸುಮಾರಿಗೆ ಶಿಲ್ಪಿ ರಾಮಚಂದ್ರ ಶರ್ಮಾ, ಮೂಳೆ ಡಾಕ್ಟ್ರು ಪಿ.ಕೆ. ಸೇಠಿ ಸೇರಿ ಮಾಡಿದ್ದು. ಬರಿಗಾಲಲ್ಲಿ ನಡೆಯಬಹುದು, ಚಕ್ಕಳಮಕ್ಕಳ ಹಾಕಿ ಕೂರಬಹುದು, ಗದ್ದೆಗೆ ಇಳಿಯಬಹುದು. ನೆಲಬಾಂಬಿನಲ್ಲಿ ಕಾಲು ಹೋದವರಿಗೆ ಅಫ್ಘಾನಿಸ್ತಾನದಲ್ಲಿ ಬಹಳ ಬಳಕೆಯಾಯಿತು. ಕಾಬೂಲಿನ ರೆಡ್ ಕ್ರಾಸ್ ಕೇಂದ್ರದ್ದು ಜೈಪುರ ಕಾಲಿನ ಕೆಲಸ ಅಲ್ಲ, ಆದರೆ ಅಲ್ಲೊಂದು ಚೆಂದದ ಕ್ರಮ ಇದೆ: ಕೃತಕ ಕಾಲು ಮಾಡುವವರಲ್ಲಿ ಬಹಳ ಮಂದಿ ತಾವೂ ಕಾಲು ಕಳೆದುಕೊಂಡವರೇ. ಅವರಿಗೆ ಸಂಬಳವೂ ಆಯಿತು, ಹೊಸದಾಗಿ ಬಂದ ರೋಗಿಗೆ ಧೈರ್ಯವೂ ಆಯಿತು.

ಪ್ರಶ್ನೆ: ನಾನು ಸ್ಟಾಫ್ ನರ್ಸ್, ಆರು ವರ್ಷದ ಅನುಭವ ಇದೆ. ಮನೆಯವರು ಗಲ್ಫ್ ಅನ್ನುತ್ತಾರೆ. ನನಗೆ ಇಂಥ ದೇಶಗಳಲ್ಲಿ ಕೆಲವು ವರ್ಷ ಕೆಲಸ ಮಾಡುವ ಆಸೆ. ಹೇಗೆ? (ಕುಂಬಳೆ)

ಎಂ.ಎಸ್.ಎಫ್., ಅಂದರೆ ಗಡಿಯಿಲ್ಲದ ವೈದ್ಯರ ಸಂಸ್ಥೆಗೆ ದೆಹಲಿಯಲ್ಲಿ ಕಚೇರಿ ಇದೆ, ಅರ್ಜಿ ಹಾಕಿ. ಸಾಮಾನ್ಯವಾಗಿ ಎರಡು ವರ್ಷದ ಅನುಭವ ಕೇಳುತ್ತಾರೆ, ನಿಮಗೆ ಅದಕ್ಕಿಂತ ಜಾಸ್ತಿ ಇದೆ. ಇಂಗ್ಲಿಷ್ ಬೇಕು. ಫ್ರೆಂಚ್ ಅಥವಾ ಅರಬಿ ಗೊತ್ತಿದ್ದರೆ ದಾರಿ ಅಗಲವಾಗುತ್ತದೆ, ಕುಂಬಳೆಯಲ್ಲಿ ಅರಬಿ ಕಲಿಸುವವರಿಗೆ ಬರ ಇಲ್ಲ. ಸಂಬಳ ಗಲ್ಫ್‌ನಷ್ಟು ಸಿಗುವುದಿಲ್ಲ, ಮನೆಯಲ್ಲಿ ಇದನ್ನು ಮೊದಲೇ ಹೇಳಿಬಿಡಿ.

ಒಂದು ವಿಷಯಕ್ಕೆ ತಯಾರಾಗಿ. ಅಲ್ಲಿ ನೀವು ಇಂಜೆಕ್ಷನ್ ಕೊಡುವುದಕ್ಕಿಂತ ಕಲಿಸುವುದು, ಸ್ಟೋರಿನ ಲೆಕ್ಕ ನೋಡುವುದು, ಡ್ಯೂಟಿ ಪಟ್ಟಿ ಮಾಡುವುದೇ ಹೆಚ್ಚು. ಅಲ್ಲಿಗೆ ಹೋಗಿ ಸೇರಿದ ಮೊದಲ ವಾರದಲ್ಲೇ ನಿಮ್ಮ ಜೊತೆಗಿರುವ ಅಲ್ಲಿಯ ನರ್ಸುಗಳಿಗೆ ಸಂಬಳ ಬಂದಿದೆಯಾ ಅಂತ ಕೇಳಿ. ಬಂದಿಲ್ಲ ಅಂದರೆ ಮೇಲಿನವರಿಗೆ ಬರೆಯಿರಿ, ಉತ್ತರ ಬರದಿದ್ದರೆ ಮತ್ತೆ ಬರೆಯಿರಿ. ಪಾಸ್‌ಪೋರ್ಟ್, ನರ್ಸಿಂಗ್ ಕೌನ್ಸಿಲ್ ನೋಂದಣಿ, ಅನುಭವ ಪತ್ರ ಮೂರನ್ನೂ ಈಗಲೇ ಸರಿಮಾಡಿಟ್ಟುಕೊಳ್ಳಿ. ಅನುಭವ ಪತ್ರಕ್ಕೆ ಖಾಸಗಿ ಆಸ್ಪತ್ರೆಗಳು ಎಷ್ಟು ಅಲೆಸುತ್ತವೆ ಅಂತ ನಿಮಗೆ ನಾನು ಹೇಳಬೇಕಾಗಿಲ್ಲ.